ಟೀವಿಗೆ ಹಿಡಿದ ಕನ್ನಡಿ

ಟೀವಿ ರಿಪೇರಿ ನನ್ನ ಕೆಲಸ. ಹಿಂಬದಿ ಬಿಚ್ಚಿ ಕೂತಾಗ ಪರದೆ ಕಾಣುವುದಿಲ್ಲ. ಅದಕ್ಕೇ ಎದುರಿಗೆ ಕನ್ನಡಿ ನಿಲ್ಲಿಸಿ, ಅದರಲ್ಲಿ ಚಿತ್ರ ನೋಡುತ್ತೇನೆ. ಕನ್ನಡಿಯಲ್ಲಿ ಅಕ್ಷರ ಯಾವತ್ತೂ ತಿರುಗುಮುರುಗು.

ಆ ಮಧ್ಯಾಹ್ನ ಒಂದು ಹಳೇ ಪೆಟ್ಟಿಗೆಯಲ್ಲಿ, ಟೀವಿ ಬಂದ ಹೊಸತರ ಕಪ್ಪುಬಿಳುಪು ವಿಜ್ಞಾನ ನಾಟಕ ಬರುತ್ತಿತ್ತು. ಪ್ರಯೋಗಕ್ಕೆ ಒಳಗಾದವನೊಬ್ಬ ಮನೆಗೆ ಬಂದರೆ ಹೆಂಡತಿಗೆ ಗುರುತೇ ಸಿಗುವುದಿಲ್ಲ. “ನಾನೇ ಕಣೇ!” ಎಂದು ಗೋಗರೆಯುತ್ತಾನೆ. ನಾಟಕ ಮುಗಿದು ಪಾತ್ರಧಾರಿಗಳ ಹೆಸರು ಬಂದವು. ಕನ್ನಡಿಯಲ್ಲೇ ಅಷ್ಟನ್ನೂ ಸರಾಗವಾಗಿ ಓದಿಬಿಟ್ಟೆ. ಒಂದಕ್ಷರವೂ ತಿರುಗಿರಲಿಲ್ಲ.

ರೇಗಿಹೋಯಿತು. ಕನ್ನಡಿಯನ್ನು ಆಚೆ ತಳ್ಳಲು ಹೋದರೆ ಅದು ಟೀವಿಯ ಗಾಜಿನ ಹಾಗೆ ಬೆಚ್ಚಗಿತ್ತು. ಚರಚರ ಎಂದು ಕೈಕೂದಲು ನಿಮಿರಿತು. ಅಂಗಡಿ ಬಾಗಿಲು ಹಾಕಿ ಮನೆಗೆ ಬಂದೆ.

ನನ್ನ ಹೆಂಡತಿ ನನ್ನ ಜೊತೆ ಒಂದೇ ಶಾಲೆಯಲ್ಲಿ ಓದಿದವಳು. ಇವತ್ತಿಗೂ ನನ್ನನ್ನು ‘ಲೋ’ ಎನ್ನುವವಳು. ಕೈ ತೊಳೆಯುವಾಗ ಕೇಳಿದೆ, “ಬೆಸುಗೆ ಕಡ್ಡಿ ತಗುಲಿ ಸುಟ್ಟ ಈ ಕಲೆ ಎಡಗೈಲಿ ಇತ್ತಲ್ವೇನೇ?”

“ಲೋ, ಮದುವೆಗೆ ಮುಂಚಿಂದ ಬಲಗೈಲೇ ನೋಡಿದೀನಿ. ತಲೇಲಿ ಯಾವುದೋ ವೈರ್ ಬಿಟ್ಟಿದೆ, ಬೆಸುಗೆ ಹಾಕ್ಕೋ!”

“ಬೆಸುಗೆ ಕಡ್ಡಿ ಹಿಡಿಯೋದೇ ಬಲಗೈಲಿ. ಹಿಡಿದ ಕೈಯ ಬೆನ್ನನ್ನೇ ಅದು ಹೇಗೆ ಸುಡುತ್ತೇ?”

ನಗು ನಿಲ್ಲಿಸಿ ಕಲೆಯನ್ನು ನೋಡಿದಳು. ಆಮೇಲೆ ನನ್ನ ಮುಖ ನೋಡಿದಳು.

ಅವತ್ತಿನಿಂದ ನನ್ನನ್ನು ‘ನೀವು’ ಎನ್ನುತ್ತಿದ್ದಾಳೆ.