ಇಬ್ಬರು ಕಾವಲುಗಾರರು, ಒಂದು ಗಿಳಿ

ಕತ್ತಿ ನನ್ನ ಕುತ್ತಿಗೆಯಿಂದ ಒಂದು ಗೇಣು ದೂರದಲ್ಲಿತ್ತು.

ಎಳನೀರು ಕೆತ್ತುವ ಕತ್ತಿ. ಎಳನೀರು ಕೆತ್ತಿದ್ದೂ ನನಗಾಗಿಯೇ. ಕೆತ್ತಿದ ಮೇಲೆ ಕತ್ತಿಯನ್ನು ಕೆಳಗಿಡಲು ಇದಿನಬ್ಬ ಮರೆತಿದ್ದ... ಅಥವಾ ಮರೆತವನಂತೆ ನಟಿಸುತ್ತಿದ್ದ!

"ನನ್ನದನ್ನು ತೆಗೆದ್ರೆ ಈ ಮನೆಯ ನೀರು ಸಹ ಮುಟ್ಟುವುದಿಲ್ಲ ನಾನು," ಅಂದ.

ನಾನು ನಿಧಾನಕ್ಕೆ ಎಳನೀರು ಕುಡಿದೆ. ಹೆದರಿದ್ದು ಗಿರಾಕಿಗೆ ಗೊತ್ತಾಗಬಾರದು.

ನಾನು ಲೋಕಯ್ಯ. ಮೂಡುಬಿದಿರೆಯಲ್ಲಿ ಕಂಪ್ಯೂಟರ್ ರಿಪೇರಿ. ಬೆಳ್ತಂಗಡಿಯಲ್ಲಿ ಸಿಪಿಯು ಒಳಗೆ ಇಲಿ ಮರಿ ಹಾಕಿದ ಕೇಸನ್ನೂ ಮುಗಿಸಿ ಬಂದವನು. ಆದರೆ ಬಂಟ್ವಾಳದ ಈ ಅಬೂಬಕ್ಕರ್ ಮನೆಯ ಕೇಸು... ಅಂಥದ್ದನ್ನು ನೋಡಿರಲಿಲ್ಲ!

2001ರ ಮಾತು. ಅಬೂಬಕ್ಕರ್ ಅವರ ಮಗ ನೌಫಲ್ ಸೌದಿಯಲ್ಲಿದ್ದ. ಅವನು ಹೋದ ಮೇಲೆ ಹೆಣ್ಣು ಮಗು ಹುಟ್ಟಿತ್ತು. ಅಪ್ಪ ಮಗಳ ಮುಖ ನೋಡಿರಲಿಲ್ಲ. ಅವತ್ತು ಸಂಜೆ ನಾಲ್ಕಕ್ಕೆ ಗೆಳೆಯನ ಆಫೀಸಿನಿಂದ ಕ್ಯಾಮೆರಾದಲ್ಲಿ ನೋಡುವವನಿದ್ದ. ಮರುದಿನ ಸಮುದ್ರದ ಮಧ್ಯದ ಎಣ್ಣೆ ಬಾವಿಗೆ ಡ್ಯೂಟಿ. ಅಲ್ಲಿ ಇಂಟರ್‌ನೆಟ್ ಇಲ್ಲ.

ಕಂಪ್ಯೂಟರ್ ಮಾತ್ರ ಏಳುತ್ತಿರಲಿಲ್ಲ.

ಆನ್ ಮಾಡಿದರೆ ವಿಂಡೋಸ್ ಬರುತ್ತದೆ. ಪರದೆಯ ಮೇಲೆ ಹಸಿರು ಗಿಳಿಯೊಂದು ಹಾರಿ ಬರುತ್ತದೆ. ಕೊಕ್ಕು ತೆರೆದು "ವೆಲ್..." ಅನ್ನುತ್ತದೆ. ಅಷ್ಟೇ! ಗಿಳಿ ಕಲ್ಲು. ಮೌಸ್ ಕಲ್ಲು. ಎಲ್ಲವೂ ಕಲ್ಲು.

ಮಸ್ಕತ್ತಿನಿಂದ ಆ ಗಿಳಿಯ ಸಿಡಿ ತಂದವಳು ಅಬೂಬಕ್ಕರ್ ಅವರ ತಂಗಿ ರುಕಿಯಾ. ಮನೆಯವರೆಲ್ಲ ಗಿಳಿಯನ್ನೇ ಬೈಯುತ್ತಿದ್ದರು. ಅವಳು ಮುಖ ಊದಿಸಿಕೊಂಡು ಅಡುಗೆಮನೆ ಸೇರಿದ್ದಳು. ನನಗೆ ಗಿಳಿಯ ಮೇಲೆ ಸಂಶಯ ಬರಲಿಲ್ಲ. ಸಿಕ್ಕಿಬೀಳುವವನು ಯಾವಾಗಲೂ ಸ್ಥಳದಲ್ಲಿ ಕಂಡವನು, ಮಾಡಿದವನಲ್ಲ.

ಮತ್ತೆ ಆನ್ ಮಾಡಿ ಎಫ್-ಎಂಟು ಕೀಯನ್ನು ಕುಟ್ಟಿದೆ. ಸೇಫ್ ಮೋಡ್! ಅಂದರೆ ಹೊರಗಿನವರನ್ನು ಯಾರನ್ನೂ ಒಳಗೆ ಬಿಡದೆ ವಿಂಡೋಸ್ ಒಂದೇ ಏಳುವ ದಾರಿ.

ಎದ್ದಿತು. ಬಣ್ಣ ಮಾಸಿ, ಚಿತ್ರಗಳು ದಪ್ಪದಪ್ಪಗಾಗಿ, ಪರದೆಯ ನಾಲ್ಕೂ ಮೂಲೆಯಲ್ಲಿ ಇಂಗ್ಲಿಷ್ ಬರೆದುಕೊಂಡು ಎದ್ದಿತು.

ಅಬೂಬಕ್ಕರ್ ಪರದೆ ನೋಡಿದರು. ನನ್ನನ್ನು ನೋಡಿದರು. ಎದ್ದು ಹೋಗಿ ಹೊರಬಾಗಿಲಿಗೆ ಚಿಲಕ ಹಾಕಿದರು.

"ದುಬೈಯಿಂದ ತಂದ ನಮ್ಮ ಹೊಸ ಕಂಪ್ಯೂಟರ್ ಎಲ್ಲಿ ಲೋಕಯ್ಯ? ಇದು ಯಾರದ್ದೋ ಹಳೇದು."

ನನ್ನ ಚೀಲ ಶೋಧಿಸಿದರು. ಒಂದು ಸ್ಕ್ರೂಡ್ರೈವರ್, ಒಂದು ಬ್ರಶ್, ನನ್ನ ಮಧ್ಯಾಹ್ನದ ನೀರುದೋಸೆ. ದೋಸೆಯನ್ನೂ ಬಿಡಿಸಿ ನೋಡಿದರು! ಅವಮಾನವಾಯಿತು, ಸುಳ್ಳು ಹೇಳುವುದಿಲ್ಲ. ಆದರೆ ಗಡಿಯಾರ ಮೂರೂವರೆ ತೋರಿಸುತ್ತಿತ್ತು. ಒಳಬಾಗಿಲ ಸಂದಿಯಲ್ಲಿ ನೌಫಲನ ಹೆಂಡತಿ ಶಬ್ನಾ ಮಗುವಿಗೆ ಹೊಸ ಅಂಗಿ ತೊಡಿಸಿ ನಿಂತಿದ್ದಳು. ನಾನು ಸಿಟ್ಟನ್ನು ನುಂಗಿದೆ.

ರನ್ ಒತ್ತಿ ಎಂಎಸ್‌ಕಾನ್ಫಿಗ್ ಅಂತ ಬರೆದೆ. ಅದು ವಿಂಡೋಸಿನ ಒಳಗೇ ಇರುವ ಗುಪ್ತಚರ. ಆನ್ ಆದ ಕೂಡಲೇ ಯಾರು ಯಾರು ಒಳಗೆ ನುಗ್ಗುತ್ತಾರೆಂದು ಒಬ್ಬೊಬ್ಬರ ಹೆಸರನ್ನೂ ಹೇಳಿಬಿಡುತ್ತದೆ. ಗಿಳಿ ಇತ್ತು. ಅದರ ಕೆಳಗೆ...

ಆಂಟಿವೈರಸ್. ಅದರ ಕೆಳಗೆ ಇನ್ನೊಂದು ಆಂಟಿವೈರಸ್!

ಇಬ್ಬರು ಕಾವಲುಗಾರರು. ಕಂಪ್ಯೂಟರ್ ಎದ್ದೊಡನೆ ಇವನು ಅವನನ್ನು ಕಳ್ಳ ಅಂತ ಹಿಡಿಯುತ್ತಾನೆ, ಅವನು ಇವನನ್ನು ಹಿಡಿಯುತ್ತಾನೆ. ಗಿಳಿ ಪಾಪ, ಮಧ್ಯದಲ್ಲಿ ಬಾಯಿ ತೆರೆದು ನಿಂತಿತ್ತು.

ಒಂದನ್ನು ದುಬೈಯಿಂದ ತಂದವನು ಇದಿನಬ್ಬ, ಮನೆಯೊಡತಿಯ ಅಣ್ಣ. ಇನ್ನೊಂದನ್ನು ದೋಹಾದಿಂದ ತಂದವನು ಅಬ್ದುಲ್ ರವೂಫ್, ಮನೆಯ ಅಳಿಯ. ಗಲ್ಫಿನಿಂದ ಬಂದವರು ಕೊಟ್ಟದ್ದನ್ನು ಬೇಡವೆನ್ನುವ ಕ್ರಮ ಆ ಮನೆಯಲ್ಲಿಲ್ಲ. ಕೊಟ್ಟಷ್ಟನ್ನೂ ಹಾಕಿಕೊಂಡಿದ್ದರು.

ಒಂದನ್ನು ನಿಲ್ಲಿಸಬೇಕೆಂದೆ. ಆಗಲೇ ಕತ್ತಿ ನನ್ನ ಕುತ್ತಿಗೆಯತ್ತ ಬಂದದ್ದು.

ರವೂಫ್ ಕತ್ತಿ ಹಿಡಿಯಲಿಲ್ಲ. ಅಳಿಯನಿಗೆ ಕತ್ತಿ ಬೇಡ. "ನನ್ನದನ್ನೇ ತೆಗೀರಿ," ಅಂದ ಮೆತ್ತಗೆ. "ಸಂಜೆ ನಾನೂ ಹೆಂಡತಿಯೂ ಹೊರಡ್ತೇವೆ."

ಒಳಗೆ ಪಾತ್ರೆ ಬಿದ್ದ ಸದ್ದಾಯಿತು. ಅಬೂಬಕ್ಕರ್ ಕುರ್ಚಿ ಹಿಡಿದುಕೊಂಡರು.

ನಾನು ವಿವರಿಸಿದೆ. ಯಾರದ್ದನ್ನೂ ತೆಗೆಯುವುದಿಲ್ಲ, ಇಬ್ಬರ ಹೆಸರಿನ ಎದುರಿನ ಟಿಕ್ ಮಾತ್ರ ತೆಗೆಯುವುದು, ಸಾಮಾನು ಒಳಗೇ ಉಂಟು, ಕರೆದಾಗ ಬರುತ್ತದೆ ಅಂತ. ಹಾಗಾದರೆ ಮೊದಲು ಯಾರ ಟಿಕ್ ಎಂದು ಇದಿನಬ್ಬ ಕೇಳಿದ. ರವೂಫ್ ಛಾವಣಿ ನೋಡಿದ. ಮೂರೂ ಮುಕ್ಕಾಲು!

ಆಗ ಶಬ್ನಾ ಒಳಗೆ ಬಂದಳು. ಅಷ್ಟು ಹೊತ್ತು ಒಂದು ಮಾತೂ ಆಡದ ಹೆಂಗಸು.

"ಮಾಮ, ಬಾವ... ಇದೆಲ್ಲ ಮಗುವಿಗೆ ಅಂತ ತಂದದ್ದಲ್ಲವಾ? ಅವಳೇ ಹೇಳಲಿ."

ಮಗುವಿನ ಮುಷ್ಟಿ ಬಿಡಿಸಿ ಮೌಸಿನ ಮೇಲಿಟ್ಟಳು. ಅದರ ಮೇಲೆ ತನ್ನ ಕೈ. ಕ್ಲಿಕ್. ದುಬೈ ಹೋಯಿತು! ಕ್ಲಿಕ್. ದೋಹಾ ಹೋಯಿತು!

ಹಾಲು ಕುಡಿಯುವ ಮಗುವಿನ ಮೇಲೆ ಯಾವ ಮಾಮ, ಯಾವ ಅಳಿಯ ಮುನಿಸಿಕೊಳ್ಳುತ್ತಾನೆ? ಕೈಯ ಮೇಲಿದ್ದ ಕೈ ಯಾರದ್ದೆಂದು ನನ್ನನ್ನು ಕೇಳಬೇಡಿ. ನಾನು ಆ ಕಡೆ ನೋಡುತ್ತಿರಲಿಲ್ಲ.

ರೀಸ್ಟಾರ್ಟ್.

ಗಿಳಿ ಬಂತು. ಕೊಕ್ಕು ತೆರೆಯಿತು. "ವೆಲ್..."

ಮನೆಗೆ ಮನೆಯೇ ಪರದೆಯತ್ತ ಬಗ್ಗಿತು.

"...ಕಮ್!"

ಅಡುಗೆಮನೆಯಿಂದ ರುಕಿಯಾ ಗೆದ್ದವಳ ಮುಖ ಹೊತ್ತು ಹೊರಬಂದಳು. ಇದಿನಬ್ಬ ಕೊನೆಗೂ ಕತ್ತಿ ಕೆಳಗಿಟ್ಟ.

ನಾಲ್ಕಕ್ಕೆ ಪರದೆಯ ಮೇಲೆ ನೌಫಲನ ಮುಖ ಬಂತು, ತುಂಡು ತುಂಡಾಗಿ. ಮಗಳನ್ನು ನೋಡಿದ. ಅತ್ತ. ಶಬ್ನಾ ಮಗುವನ್ನು ಕ್ಯಾಮೆರಾಕ್ಕೆ ಇನ್ನಷ್ಟು ಹತ್ತಿರ ಹಿಡಿದಳು. ನಾನು ಕಾರಣವಿಲ್ಲದೆ ಕೀಬೋರ್ಡಿನ ಧೂಳು ಒರೆಸಿದೆ.

ಕಣ್ಣೊರೆಸಿಕೊಂಡು ನೌಫಲ್ ನನ್ನನ್ನು ಗುರುತಿಸಿದ.

"ಲೋಕಯ್ಯಣ್ಣ, ಇಲ್ಲಿ ಭಾರೀ ಒಳ್ಳೆ ಆಂಟಿವೈರಸ್ ಸಿಕ್ಕಿದೆ. ಊರಿಗೆ ಬರುವವರ ಕೈಯಲ್ಲಿ ಕಳಿಸ್ತೇನೆ."

ನಾನು ಚೀಲ ಎತ್ತಿಕೊಂಡೆ. ಮುಂದಿನ ಸಲಕ್ಕೆ ಇರಲಿ ಅಂತ ಸ್ಕ್ರೂಡ್ರೈವರನ್ನು ಅಲ್ಲೇ ಮೇಜಿನ ಮೇಲೆ ಬಿಟ್ಟು ಬಂದೆ.