ಬಾಗಿಲ ಪಕ್ಕದ ಎಡೆ

"ಈ ಫೋಟೋದಾಗಿನ ಮನುಷ್ಯಾನ್ನ ನೋಡೀಯೇನಪಾ, ಕಂಡಕ್ಟರ?"

ಹವಾಲ್ದಾರ ಕುಪ್ಪೇಲೂರಿನ ಎಂಟರ ಬಸ್ಸನ್ನು ಅಡ್ಡ ನಿಂತು ನಿಲ್ಲಿಸಿದ್ದ. ಬಸ್ಸಿನೊಳಗಿನ ಜನ ಕಿಟಕಿಯಿಂದ ಕತ್ತು ಹೊರಗೆ ಹಾಕಿದ್ದರು.

ದ್ರಾಕ್ಷಾಯಿಣಿ ತನ್ನ ಅಪ್ಪ ಪರಮೇಶಪ್ಪನ ಬೆನ್ನ ಹಿಂದೆ ನಿಂತಿದ್ದಳು. ಪಕ್ಕದಲ್ಲಿ ಅವ್ವ ಮಂಗಳವ್ವ. ಫೋಟೋದಲ್ಲಿದ್ದವನು ದ್ರಾಕ್ಷಾಯಿಣಿಯ ಗಂಡ, ಮೋಟೆಬೆನ್ನೂರಿನ ಶಶಿಕಾಂತ. ಹನ್ನೊಂದು ದಿನದಿಂದ ಕಾಣೆ.

ಮೂವರೂ ಠಾಣೆಯಲ್ಲಿ ಹೇಳಿದ್ದು ಒಂದೇ ಮಾತು. "ಮುಂಜಾನಿ ಎಂಟರ ಬಸ್ಸಿಗೆ ಹತ್ತಿ ಹೋದ್ರಿ."

ಅದು ಸುಳ್ಳು. ಆವತ್ತು ಎಂಟು ಗಂಟೆ ಹೊಡೆಯುವ ಹೊತ್ತಿಗೆ ಶಶಿಕಾಂತ ಅವರ ಹೊಲದ ಕಣದಲ್ಲಿ ಮೂರಡಿ ಮಣ್ಣಿನ ಕೆಳಗಿದ್ದ. ಮೇಲೆ ಸೆಗಣಿ ಸಾರಿಸಿ ಮೆಣಸಿನಕಾಯಿ ಒಣಹಾಕಿದ್ದರು.

ಆ ಮಾತು ಸುಳ್ಳೆಂದು ಹೇಳಬಲ್ಲವನು ಇಡೀ ತಾಲೂಕಿನಲ್ಲಿ ಒಬ್ಬನೇ. ಈ ಕಂಡಕ್ಟರ್, ರುದ್ರಮುನಿ.

ಅವನು ಫೋಟೋ ನೋಡಿದ. ತಲೆ ಎತ್ತಿ ದ್ರಾಕ್ಷಾಯಿಣಿಯನ್ನು ನೋಡಿದ. ಬಹಳ ಹೊತ್ತಲ್ಲ, ಎರಡು ಉಸಿರಿನಷ್ಟು ಹೊತ್ತು.

"ಹೌದ್ರಿ. ಹತ್ತಿದ್ದ. ರಾಣೇಬೆನ್ನೂರಾಗ ಇಳದು ಹೋದ."

ರೈಟ್ ಎಂದು ಕೂಗಿ ಬಾಗಿಲು ಬಡಿದ. ಬಸ್ಸು ಹೊರಟಿತು.

ದ್ರಾಕ್ಷಾಯಿಣಿಗೆ ಸಂತೋಷವಾಗಲಿಲ್ಲ. ಹೆದರಿಕೆಯೂ ಆಗಲಿಲ್ಲ. ಜೋಮು ಹಿಡಿದ ಕಾಲನ್ನು ಚಿವುಟಿದರೆ ಹೇಗೋ ಹಾಗೆ. ಚಿವುಟಿದ್ದು ಕಾಣುತ್ತದೆ, ನೋವು ಮಾತ್ರ ಬರುವುದಿಲ್ಲ.

'ಯಾಕ ಸುಳ್ಳು ಹೇಳಿದ ಇಂವಾ...?'

ಅದೊಂದೇ ಪ್ರಶ್ನೆ ಮನಸ್ಸಿನಲ್ಲಿ ಉಳಿಯಿತು.

ಆವತ್ತು ನಡೆದದ್ದು ಇಷ್ಟು. ಹಿಂದಿನ ಸಂಜೆ ಶಶಿಕಾಂತ ಹೆಂಡತಿಯನ್ನು ಕರೆದೊಯ್ಯಲು ಬಂದಿದ್ದ. ಅವನು ಹೊಡೆದು ಮುರಿದ ಮಗಳ ಎಡಗೈ ಇನ್ನೂ ಕೂಡಿಲ್ಲ, ಕಳಿಸುವುದಿಲ್ಲ ಎಂದಳು ಮಂಗಳವ್ವ. ಮರುದಿನ ಬೆಳಕು ಹರಿಯುತ್ತಲೇ ಕಣಕ್ಕೆ ಬಂದವನು ಅತ್ತೆಯ ಕುತ್ತಿಗೆ ಹಿಡಿದ. ಮಂಗಳವ್ವನ ಕಣ್ಣು ಮೇಲಾಯಿತು. ದ್ರಾಕ್ಷಾಯಿಣಿಯ ಬಲಗೈಗೆ ಸಿಕ್ಕಿದ್ದು ಗುದ್ದಲಿ.

ಒಂದೇ ಏಟು.

ಆಮೇಲೆ ಎಲ್ಲವನ್ನೂ ಅಪ್ಪ ಮಾಡಿದ. ಅಗೆದ, ಮುಚ್ಚಿದ, ಏನು ಹೇಳಬೇಕೆಂದು ಇಬ್ಬರಿಗೂ ಬಾಯಿಪಾಠ ಮಾಡಿಸಿದ. ಅವಳು ಅಳಲಿಲ್ಲ. ಸೆಗಣಿ ಸಾರಿಸು ಅಂದ, ಸಾರಿಸಿದಳು.

ಅಲ್ಲಿಂದ ಅವಳ ಬಾಳು ವಿಚಿತ್ರವಾಯಿತು. ಊರಿನ ಲೆಕ್ಕದಲ್ಲಿ ಅವಳು ಮುತ್ತೈದೆ. ಗಂಡ ಎಲ್ಲೋ ಇದ್ದಾನೆ! ಶುಕ್ರವಾರ ಯಾರದೋ ಮನೆಯಲ್ಲಿ ಕರೆದು ಉಡಿ ತುಂಬುತ್ತಾರೆ. "ಲಗೂನ ಬರ್ಲೆವ್ವಾ ನಿನ್ನ ಗಂಡ" ಎಂದು ಹಾರೈಸುತ್ತಾರೆ. ಅವಳು ತಲೆಬಾಗಿ ಕುಂಕುಮ ಹಚ್ಚಿಸಿಕೊಳ್ಳುತ್ತಾಳೆ. ಕೈಗಳ ತುಂಬ ಹಸಿರು ಬಳೆ. ಯಾರಿಗಾಗಿ?

*

ಮನೆಯಲ್ಲಿ ಕುಳಿತರೆ ಕಣ ಕಾಣುತ್ತಿತ್ತು. ಹಾಗಾಗಿ ಬ್ಯಾಡಗಿಗೆ ಮೆಣಸಿನಕಾಯಿ ತೊಟ್ಟು ಬಿಡಿಸುವ ಕೂಲಿಗೆ ಹೋಗತೊಡಗಿದಳು. ಹೋಗುವುದು ಅದೇ ಎಂಟರ ಬಸ್ಸಿಗೆ. ಕುಪ್ಪೇಲೂರು, ರಾಣೇಬೆನ್ನೂರು, ಮೋಟೆಬೆನ್ನೂರು, ಬ್ಯಾಡಗಿ.

ರುದ್ರಮುನಿ ಟಿಕೆಟ್ ಕೊಡುತ್ತಿದ್ದ. ಮುಖ ನೋಡುತ್ತಿರಲಿಲ್ಲ. "ಮುಂದ ಸರೀರಿ ಅಕ್ಕಾರ" ಎನ್ನುತ್ತಿದ್ದ, ಎಲ್ಲರಿಗೂ ಅಂದ ಹಾಗೆ.

ಒಂದು ತಿಂಗಳು... ಎರಡು ತಿಂಗಳು... ಅವನು ಏನೂ ಕೇಳಲಿಲ್ಲ!

ಅದೇ ಅವಳಿಗೆ ತಡೆಯದಾಯಿತು. ಗಂಡಸು ಪುಕ್ಕಟೆಯಾಗಿ ಏನನ್ನಾದರೂ ಕೊಟ್ಟಿದ್ದನ್ನು ಅವಳು ಕಂಡಿರಲಿಲ್ಲ.

ಅಂಗಡಿಯಲ್ಲಿ ಜೊತೆಗೆ ತೊಟ್ಟು ಬಿಡಿಸುತ್ತಿದ್ದ ಹಸೀನಾಬಿ ಒಂದು ದಿನ ಕೆಣಕಿದಳು.

"ಏನಬೇ ದ್ರಾಕ್ಷಾಯಿಣಿ, ಆ ಕಂಡಕ್ಟರ ನೀ ಇಳಿಯೂತನಕ ಸೀಟಿ ಊದಂಗಿಲ್ಲಲ್ಲ! ನಮಗಾದ್ರ ಒಂದು ಕಾಲು ಮ್ಯಾಲಿದ್ದಾಗನ ಊದತಾನ."

"ಸುಮ್ಮ ಕುಂದ್ರ, ಖಾರ ಕಣ್ಣಾಗ ಹೋದೀತು."

"ನನ್ನ ಕಣ್ಣಿಗೇನಾಗೇತಿ? ಕಾಣಲಾರದ್ದು ನಿನಗ!"

ಆ ಸಂಜೆ ಬ್ಯಾಡಗಿ ಬಸ್‌ಸ್ಟ್ಯಾಂಡಿನಲ್ಲಿ ರುದ್ರಮುನಿ ಒಬ್ಬನೇ ಚಹಾ ಕುಡಿಯುತ್ತಿದ್ದ. ದ್ರಾಕ್ಷಾಯಿಣಿ ನೇರವಾಗಿ ಅವನೆದುರು ಹೋಗಿ ನಿಂತಳು.

"ಏನು ಬೇಕ್ರಿ ನಿಮಗ?"

"ಏನಂದ್ರಿ?"

"ಸುಳ್ಳು ಹೇಳಿದ್ರಲ್ಲ, ಅದಕ್ಕ ಏನು ಬೇಕು ಕೇಳ್ರಿ. ರೊಕ್ಕ ನಮ್ಮ ಹಂತೇಕ ಇಲ್ಲ. ಬ್ಯಾರೆ ಏನಾರ ಮನಸಿನಾಗಿದ್ರ ಅದನ್ನೂ ಹೇಳಿಬಿಡ್ರಿ. ದಿನಾ ದಿನಾ ಕಾಯೂದು ನನ್ನಿಂದ ಆಗಂಗಿಲ್ಲ."

ಅವನ ಮುಖ ಕೆಂಪಾಯಿತು. ಅರ್ಧ ಚಹಾ ನೆಲಕ್ಕೆ ಚೆಲ್ಲಿದ.

"ನನ್ನ ಏನಂತ ತಿಳದೀರಿ ನೀವು? ನಾಯಿ ಅಂತ ತಿಳದೀರಿ?"

"ಮತ್ತ ಯಾಕ ಹೇಳಿದ್ರಿ?"

ಅವನು ಸುತ್ತ ನೋಡಿ ದನಿ ತಗ್ಗಿಸಿದ.

"ಹ್ವಾದ ವರ್ಷ ಇದ ಬಸ್ಸಿನಾಗ ಅಂವಾ ನಿಮಗ ಕಪಾಳಕ್ಕ ಹೊಡದ. ನೆನಪೈತಿ? ಐವತ್ತು ಮಂದಿ ಇದ್ರು. ನೀವು ನನ್ನ ಕಡೆ ನೋಡಿದ್ರಿ. ನಾ... ನಾ ಟಿಕೀಟ ಹರಕೊಂತ ಹಿಂದ ಹೋದೆ. ಗಂಡ ಹೇಣ್ತಿ ಜಗಳ, ನಮಗ್ಯಾಕ ಅಂತ. ಆವತ್ತಿನಿಂದ ನನಗ ಅನ್ನ ಸೇರಿಲ್ರಿ. ಅಂವಾ ಎಲ್ಲಿ ಓಡಿ ಹೋಗ್ಯಾನೋ, ಯಾಕ ಹೋಗ್ಯಾನೋ ನಾ ಕೇಳಂಗಿಲ್ಲ. ಬಸ್ಸಿಗೆ ಹತ್ತಿದ್ದ ಅಂದ್ರ ನಿಮಗ ಒಂದೀಟು ನೆಮ್ಮದಿ ಸಿಗತೈತಿ ಅನಸ್ತು, ಅಂದೆ. ಅಷ್ಟ!"

'ಓಡಿ ಹೋಗ್ಯಾನ...' ಅವನಿಗೆ ಗೊತ್ತಿಲ್ಲ! ಏನೂ ಗೊತ್ತಿಲ್ಲ ಈ ಮನುಷ್ಯನಿಗೆ.

"ಮತ್ತೊಂದು ಮಾತು ಐತಿ" ಎಂದ ಅವನು, ಎಲ್ಲೋ ನೋಡುತ್ತ. "ನೀವಂದ್ರ ನನಗ ಜೀವ. ಇದನ್ನ ಬೆಲೆ ಕೇಳಾಕಂತ ಹೇಳಾಕತ್ತಿಲ್ಲ. ಅಂವಾ ಬಂದ್ರ ಬರ್ಲಿ, ಬರದಿದ್ರ... ನೀವು ಹೂಂ ಅಂದ ದಿನ ನಾ ಇರತೇನಿ."

ಇನ್ನೊಬ್ಬಳಾಗಿದ್ದರೆ ಆ ಮಾತಿಗೆ ಅಲ್ಲೇ ಕರಗಿ ನೀರಾಗುತ್ತಿದ್ದಳು. ದ್ರಾಕ್ಷಾಯಿಣಿ ಗೋಡೆಯಂತೆ ನಿಂತಿದ್ದಳು.

"ನಾ ಗಂಡ ಇದ್ದಾಕಿ" ಎಂದು ಹೇಳಿ ಬಸ್ಸು ಹತ್ತಿದಳು.

ಹೂಂ ಅನ್ನಬೇಕೆಂದರೆ ಗಂಡ ಸತ್ತಿದ್ದಾನೆ ಎನ್ನಬೇಕು. ಸತ್ತಿದ್ದಾನೆ ಎಂದರೆ ಕಣ ಅಗೆಯುತ್ತಾರೆ. ಅಪ್ಪ ಅವ್ವನನ್ನೂ ಎಳೆದೊಯ್ಯುತ್ತಾರೆ. ಇಲ್ಲದಿದ್ದರೆ ಸಾಯುವವರೆಗೂ ಹೆಣದ ಹೆಂಡತಿಯಾಗಿ ಬಳೆ ತೊಟ್ಟುಕೊಂಡಿರಬೇಕು. ಇವೆರಡು ಬಿಟ್ಟರೆ ಮೂರನೆಯ ದಾರಿ ಇರಲಿಲ್ಲ.

*

ರುದ್ರಮುನಿಯ ಸುಳ್ಳನ್ನು ಒಬ್ಬಳು ಮಾತ್ರ ಪೂರ್ತಿ ನಂಬಿದ್ದಳು. ಶಶಿಕಾಂತನ ತಾಯಿ ಸುಶೀಲವ್ವ. ವಾರಕ್ಕೆರಡು ಸಲ ಮೋಟೆಬೆನ್ನೂರಿನಲ್ಲಿ ಸಂಜೆ ಮರಳುವ ಬಸ್ಸು ಹತ್ತಿ, ರಾಣೇಬೆನ್ನೂರಿನ ಗಲ್ಲಿಗಲ್ಲಿಯಲ್ಲಿ ಮಗನನ್ನು ಹುಡುಕುತ್ತಿದ್ದಳು.

"ಇಳದ ಮ್ಯಾಲೆ ಯಾ ಕಡೆ ಹ್ವಾದಪಾ ನನ್ನ ಮಗ? ಎಡಕ್ಕೋ, ಬಲಕ್ಕೋ?"

"ಗದ್ಲ ಇತ್ತು ಯವ್ವಾ. ನೋಡಲಿಲ್ಲ."

"ಅಂಗಿ ಯಾವುದು ಹಾಕ್ಕೊಂಡಿದ್ದ?"

ರುದ್ರಮುನಿಗೆ ಪ್ರತಿ ಸಲ ಒಂದೊಂದು ಹೊಸ ಸುಳ್ಳು ಬೇಕಾಗುತ್ತಿತ್ತು. ಹಿಂದಿನ ಸೀಟಿನಲ್ಲಿ ಕುಳಿತು ದ್ರಾಕ್ಷಾಯಿಣಿ ಎಲ್ಲವನ್ನೂ ಕೇಳುತ್ತಿದ್ದಳು.

ಮಳೆಗಾಲ ಮುಗಿದು ಹಿರಿಯರ ಹಬ್ಬದ ಅಮಾವಾಸ್ಯೆ ಬಂತು. ಸತ್ತವರಿಗೆ ಎಲೆ ಹಾಕಿ, ಅವರವರಿಗೆ ಇಷ್ಟವಾದದ್ದನ್ನು ಬಡಿಸಿ, ಹೊಸ ಬಟ್ಟೆ ಇಟ್ಟು ಎಡೆ ಕೊಡುವ ದಿನ. ಮಂಗಳವ್ವ ಅತ್ತೆ ಮಾವಂದಿರಿಗೆ ದೇವರ ಮುಂದೆ ಎರಡು ಎಲೆ ಹಾಕಿದಳು.

ಆಮೇಲೆ ಬಾಗಿಲ ಪಕ್ಕ ಇನ್ನೊಂದು ಎಲೆ ಹಾಕಿದಳು.

ಅದರ ಮೇಲೆ ಮಂಡಕ್ಕಿ, ನಾಲ್ಕು ಮಿರ್ಚಿ ಭಜಿ. ಒಂದು ಕಟ್ಟು ಬೀಡಿ. ಮಡಿಕೆ ಬಿಚ್ಚದ ಟವೆಲ್ಲು.

ಪರಮೇಶಪ್ಪ ಬೆಂಕಿಯಾದ. "ಏನ ಇದು? ತಲಿ ಕೆಟ್ಟೈತೇನ ನಿಂದು? ತಗಿ ಮದ್ಲ!"

"ತಗ್ಯಂಗಿಲ್ಲ."

"ಯಾರಾರ ನೋಡಿದ್ರ?"

"ನೋಡ್ಲಿ. ಎಂಟು ತಿಂಗಳಾತು, ದಿನಾ ಕಣದಾಗ ಅಡ್ಡಾಡತೇನಿ. ಹಸದು ಕುಂತಾನ ಅಂವಾ. ಇವತ್ತೊಂದು ದಿನ ಉಣ್ಣಲಿ. ಇಟ್ಟ ಎಡಿ ಎತ್ತಿದ್ರ ನನ್ನ ಹೆಣ ನೋಡ್ತಿ!"

ಅಷ್ಟರಲ್ಲಿ ಯಾರೋ ಓಡಿಬಂದು ಹೊಸ್ತಿಲಲ್ಲಿ ನಿಂತರು. ರುದ್ರಮುನಿ! ಮಧ್ಯಾಹ್ನದ ಬಸ್ಸು ಊರಲ್ಲಿ ತಿರುಗುವ ಹೊತ್ತು. ಚರ್ಮದ ಚೀಲ ಇನ್ನೂ ಹೆಗಲಲ್ಲೇ ಇತ್ತು.

"ಸುಶೀಲವ್ವ ಬರಾಕತ್ತಾಳ. ನೀವು ಬ್ಯಾಡಗಿಗೆ ಬಂದಿಲ್ಲಲ್ಲ, ಹೇಳೂಣು ಅಂತ ಮುಂದ..."

ಮಾತು ನಿಂತಿತು. ಅವನ ಕಣ್ಣು ಎಲೆಯ ಮೇಲೆ ಬಿದ್ದಿತ್ತು. ಬೀಡಿ. ಮಿರ್ಚಿ. ಟವೆಲ್ಲು. ಈ ಮನೆಯಲ್ಲಿ ಬೀಡಿ ಸೇದುವ ಹಿರಿಯರು ಯಾರೂ ಇರಲಿಲ್ಲ. ಶಶಿಕಾಂತ ಅವನ ಬಸ್ಸಿನಲ್ಲೇ ಎಷ್ಟು ಸಲ ಬೀಡಿ ಹಚ್ಚಿ ಜಗಳ ತೆಗೆದಿದ್ದ!

ಅವನು ದ್ರಾಕ್ಷಾಯಿಣಿಯ ಮುಖ ನೋಡಿದ. ಅವಳು ಕಣ್ಣು ತಗ್ಗಿಸಲಿಲ್ಲ.

ಹೊರಗೆ ಸುಶೀಲವ್ವನ ದನಿ ಕೇಳಿಸಿತು. "ಬೀಗತಿ, ಅದೀಯವಾ ಮನ್ಯಾಗ?"

ಎಲೆ ಎತ್ತಲು ಮಂಗಳವ್ವ ಬಿಡುವುದಿಲ್ಲ. ಎತ್ತದಿದ್ದರೆ ಆ ತಾಯಿ ಒಂದೇ ನೋಟಕ್ಕೆ ಓದಿಬಿಡುತ್ತಾಳೆ.

ರುದ್ರಮುನಿ ಚೀಲ ಕೆಳಗಿಟ್ಟ. ಸತ್ತವನ ಎಲೆಯ ಮುಂದೆ ಚಕ್ಕಳಮಕ್ಕಳ ಹಾಕಿ ಕುಳಿತ. ಬೀಡಿ ಕಟ್ಟನ್ನು ಜೇಬಿಗೆ ಹಾಕಿದ, ಟವೆಲ್ಲನ್ನು ಹೆಗಲಿಗೆ ಹಾಕಿದ. ಮಿರ್ಚಿ ಮುರಿದು ಬಾಯಿಗಿಟ್ಟ.

ಮಂಗಳವ್ವ ಬಾಯಿಗೆ ಸೆರಗು ಒತ್ತಿಕೊಂಡಳು. ಕಾಗೆ ಮುಟ್ಟುವ ಮುಂಚೆ ಎಡೆಯನ್ನು ಬದುಕಿದ ಮನುಷ್ಯ ಉಂಡದ್ದು ಆ ಮನೆಯಲ್ಲಿ ಅದೇ ಮೊದಲು.

ಸುಶೀಲವ್ವ ಒಳಗೆ ಬಂದಳು. "ಅಯ್ಯ, ಕಂಡಕ್ಟರ! ಹಿರ್ಯಾರಿಗೆ ಕೊಡೂಕಿಂತ ಮದ್ಲ ನಿನಗ ಬಡಿಸ್ಯಾರೇನು?"

"ಡ್ಯೂಟಿ ಐತಿ ಯವ್ವಾ. ಹಸಿವು ತಡೀಲಿಲ್ಲ."

"ಉಣ್ಣು, ಉಣ್ಣು. ನನ್ನ ಮಗಾನೂ ಮಿರ್ಚಿ ಅಂದ್ರ ಹಿಂಗ."

ಅವಳು ಗೋಡೆಗೆ ಒರಗಿ ಕುಳಿತಳು. ಕೈಯಲ್ಲಿದ್ದ ಬಟ್ಟೆಯ ಗಂಟಿನಿಂದ ಒಂದು ಡಬ್ಬಿ ತೆಗೆದಳು.

"ಹೋಳಿಗಿ ಮಾಡಿದ್ದೆ. ಅಂವಾ ಇತ್ತ ಬಂದ್ರ ಕೊಡ್ರಿ. ಓಣ್ಯಾಗಿನ ಮಂದಿ ಅವಗೂ ಒಂದು ಎಡಿ ಇಡು ಅಂತಾರ, ಸುಡಗಾಡು ಮಂದಿ! ಬದುಕಿದ್ದ ಮಗಗ ಎಡಿ ಇಟ್ರ ಆಯುಷ್ಯ ಕಡಿಮಿ ಆಗಂಗಿಲ್ಲೇನು? ಹೌದಿಲ್ಲೋ ದ್ರಾಕ್ಷಾಯಿಣಿ?"

ಡಬ್ಬಿ ಇನ್ನೂ ಬೆಚ್ಚಗಿತ್ತು. ದ್ರಾಕ್ಷಾಯಿಣಿ ಅದನ್ನು ಕೈಯಲ್ಲಿ ಹಿಡಿದು ನಿಂತಳು. ರುದ್ರಮುನಿ ಇನ್ನೊಂದು ಮಿರ್ಚಿ ಮುರಿದ. ತನಗಾಗಿ ಇವನು ಹೆಣದ ಊಟ ಉಣ್ಣುತ್ತಿದ್ದಾನೆ. ಈ ಮುದುಕಿ ಮುಂದಿನ ವರ್ಷವೂ ಹೋಳಿಗೆ ತರುತ್ತಾಳೆ. ಅದರ ಮುಂದಿನ ವರ್ಷವೂ...

"ಅತ್ತಿ" ಎಂದಳು. "ಇಡ್ರಿ."

"ಏನ?"

"ಎಡಿ. ಅವರಿಗೆ ಎಡಿ ಇಡ್ರಿ."



"ಆಕಿ ಮಾತು ಕೇಳಬ್ಯಾಡ್ರಿ ಬೀಗತಿ, ತಲಿ ಸರಿ ಇಲ್ಲ" ಎಂದು ಪರಮೇಶಪ್ಪ ಎದ್ದ.

ಸುಶೀಲವ್ವ ಅವನ ಕಡೆ ತಿರುಗಲೇ ಇಲ್ಲ. "ಎಂದು?" ಎಂದಳು.

"ಆವತ್ತ ಮುಂಜಾನಿ."

"ಎಲ್ಲಿ?"

"ನಮ್ಮ ಕಣದಾಗ."

"ಯಾರು?"

"ನಾ. ನಮ್ಮವ್ವನ ಕುತ್ತಿಗಿ ಹಿಡಿದಿದ್ರು. ಬಿಡಲಿಲ್ಲ."

ಸುಶೀಲವ್ವ ಎದ್ದು ಬಂದು ಅವಳ ಕೆನ್ನೆಗೆ ಹೊಡೆದಳು. ಒಂದು ಸಲ. ಎರಡನೆಯ ಸಲ ಎತ್ತಿದ ಕೈ ಗಾಳಿಯಲ್ಲೇ ನಿಂತಿತು. ಆಮೇಲೆ ಆ ಮುದುಕಿಯ ದೇಹ ಕುಸಿಯಿತು. ರುದ್ರಮುನಿ ಎಂಜಲು ಕೈಯಲ್ಲೇ ಹಿಡಿದುಕೊಂಡ.

"ಕಣ ತೋರಸು" ಎಂದಳು ಮುದುಕಿ.

*

ಆ ದಿನ ಬಸ್ಸು ಕುಪ್ಪೇಲೂರಿನಲ್ಲಿ ಒಂದು ತಾಸು ನಿಂತಿತ್ತು. ಜನ ಬಯ್ದರು. ಡ್ರೈವರ್ ನಬಿಸಾಬ ಹಾರ್ನ್ ಹೊಡೆದು ಹೊಡೆದು ಸುಸ್ತಾದ.

ಕಣದಲ್ಲಿ ಹುಲ್ಲು ಬೆಳೆದಿತ್ತು. ಸುಶೀಲವ್ವ ಡಬ್ಬಿ ಬಿಚ್ಚಿ, ಹೋಳಿಗೆ ಮುರಿದು ನೆಲದ ಮೇಲಿಟ್ಟಳು. ಅಳಲಿಲ್ಲ.

"ನಿನ್ನ ನಾ ಎಂದೂ ಕ್ಷಮಾ ಮಾಡಂಗಿಲ್ಲ" ಎಂದಳು.

"ಬ್ಯಾಡ್ರಿ."

"ನನ್ನ ಮಗ ಎಂಥಾಂವ ಇದ್ದ ಅಂತ ನನಗೂ ಗೊತ್ತೈತಿ. ಠಾಣ್ಯಾಗ ಕೇಳಿದ್ರ ಹೇಳತೇನಿ. ಆದ್ರ ಕ್ಷಮಾ ಮಾಡಂಗಿಲ್ಲ."

ಎಲ್ಲರೂ ಅದೇ ಬಸ್ಸಿನಲ್ಲಿ ರಾಣೇಬೆನ್ನೂರಿಗೆ ಬಂದರು. ಸುಶೀಲವ್ವ ಮುಂದಿನ ಸೀಟು, ದ್ರಾಕ್ಷಾಯಿಣಿ ಹಿಂದಿನ ಸೀಟು. ಠಾಣೆಯ ಗೇಟಿನ ಹತ್ತಿರ ಪರಮೇಶಪ್ಪ ಹೆಂಡತಿಯ ಕೈ ಹಿಡಿದು ಒಳಗೆ ನಡೆದ. ದ್ರಾಕ್ಷಾಯಿಣಿ ಬೇವಿನ ಮರದ ಕೆಳಗೆ ಒಂದು ಕ್ಷಣ ನಿಂತಳು. ರುದ್ರಮುನಿ ಜೊತೆಗಿದ್ದ.

"ನೀವು ಯಾಕ ಬಂದ್ರಿ? ನೌಕರಿ ಹೋಗತೈತಿ."

"ಸುಳ್ಳು ಹೇಳಿದಾಂವ ನಾನೂ ಅದೇನಿ. ನಂದೂ ಬರಕೊಳ್ಳಲಿ."

"ನಾ ಮನುಷ್ಯಾನ್ನ ಕೊಂದೇನ್ರಿ. ಗೊತ್ತಾತಿಲ್ಲ ಈಗ?"

"ಗೊತ್ತಾತು."

"ಆದ್ರೂ...?"

"ಆದ್ರೂ ಅಂದ್ರೇನು? ಹೇಳಿದ ಮಾತು ಹೊಳ್ಳಿ ತಗೊಳ್ಳಾಕ ಬರ್ತೈತೇನು?"

ಅವಳ ಕೆನ್ನೆ ಉರಿಯತೊಡಗಿತು. ಸುಶೀಲವ್ವ ಹೊಡೆದ ಜಾಗ. ಆವಾಗ ಏನೂ ಅನ್ನಿಸಿರಲಿಲ್ಲ. ಈಗ, ಇಷ್ಟು ಹೊತ್ತಾದ ಮೇಲೆ, ಬೆಂಕಿ ತಾಗಿದಂತೆ ಉರಿಯಿತು. ಕಣ್ಣಲ್ಲಿ ನೀರು ಬಂತು. ಎಂಟು ತಿಂಗಳ ನೀರು! ಅವಳು ತಡೆಯಲಿಲ್ಲ.

ಅವನು ಮುಟ್ಟಲಿಲ್ಲ. ಅವಳ ಮೇಲೆ ಬಿಸಿಲು ಬೀಳದ ಹಾಗೆ ಪಕ್ಕಕ್ಕೆ ಸರಿದು ನಿಂತ, ಅಷ್ಟೇ.

"ಎಷ್ಟು ವರ್ಷ ಹಾಕ್ತಾರೋ ಏನೋ..." ಎಂದಳು. "ಕಾಯ್ತೀರೇನು?"

"ಇಲ್ಲ."

ಅವಳು ಒದ್ದೆ ಕಣ್ಣೆತ್ತಿ ನೋಡಿದಳು.

"ಕಾಯೂದಂದ್ರ ಒಂದ ಕಡೆ ಕುಂತು ದಾರಿ ನೋಡೂದು. ಅದು ನನ್ನಿಂದ ಆಗಂಗಿಲ್ಲ. ಯಾ ಊರಾಗ ಇಟ್ರೂ ಅಲ್ಲಿಗೆ ಬರ್ತೇನಿ. ವಾರಾ ವಾರಾ ಬರ್ತೇನಿ. ಬ್ಯಾಡ ಅಂದ್ರ ಈಗ ಹೇಳ್ರಿ."

ದ್ರಾಕ್ಷಾಯಿಣಿ ಸೆರಗಿನಿಂದ ಮುಖ ಒರೆಸಿಕೊಂಡಳು. ಗೇಟಿನ ಕಡೆ ಎರಡು ಹೆಜ್ಜೆ ಇಟ್ಟು ತಿರುಗಿದಳು.

"ಬರ್ರಿ" ಎಂದಳು.