ಕಮಲಾಪುರದ ಕೊನೆಯ ಶಾಟ್

"ಹೆಣ್ಮಗಳಿಗಿ ಒದ್ಯಾಕತ್ತಾನ, ನೀವು ಅಷ್ಟು ದೂರ ಕ್ಯಾಮೆರಾ ಇಟ್ಕೊಂಡು ನಿಂತೀರಿ. ಹತ್ರ ಬರಾಕ ಅಂಜಿಕೇನ್ರೀ?"

ಕಲಬುರಗಿಯ ಸಣ್ಣ ಸಭಾಂಗಣವೊಂದರಲ್ಲಿ ಸುಜಾತಾಳ ಮೂರನೆಯ ಕಿರುಚಿತ್ರ ಮುಗಿದು ದೀಪ ಹತ್ತಿದಾಗ, ಹಿಂದಿನ ಸಾಲಿನಿಂದ ಒಬ್ಬ ಎದ್ದು ಕೇಳಿದ.

ಅವಳಿಗೆ ಸಿಟ್ಟು ಬಂತು. ದೂರದಿಂದ, ಎಲ್ಲೂ ಕಟ್ ಮಾಡದೆ, ಸಂಗೀತವಿಲ್ಲದೆ ತೋರಿಸುವ ಅವಳ ರೀತಿಯನ್ನು ಮೆಚ್ಚಿ ಎರಡು ಚಿತ್ರೋತ್ಸವಗಳು ಕರೆದಿದ್ದವು.

"ಅದು ನನ್ನ ಸ್ಟೈಲ್ ರೀ."

"ನಮ್ಮಕ್ಕನ ಗಂಡ ಆಕಿಗಿ ಹೊಡ್ದು ಕೊಲ್ಲಾಕತ್ತಾಗ ಓಣಿ ಮಂದೀನೂ ಅಷ್ಟೇ ದೂರ ನಿಂತಿದ್ರು."

ಅವನು ಪ್ರೇಮಕುಮಾರ. ಕಮಲಾಪುರದಲ್ಲಿ ಕೆಂಪು ಬಾಳೆಯ ತೋಟ ಅವನದು. ಮರುವಾರ ಸುಜಾತಾ ಕಲಬುರಗಿಯ ಖೂಬಾ ಪ್ಲಾಟ್ ಬಡಾವಣೆಯ ತನ್ನ ಬಾಡಿಗೆ ರೂಮಿನಿಂದ ಸ್ಕೂಟಿ ಹತ್ತಿ ಅವನನ್ನು ಹುಡುಕಿಕೊಂಡು ಹೋದಳು. ಗಂಡನ ಏಟಿಗೆ ಸತ್ತ ಅವನ ಅಕ್ಕ ಶೇವಂತಾಳ ಕಥೆಯನ್ನೇ ತನ್ನ ಮೊದಲ ದೊಡ್ಡ ಚಿತ್ರ ಮಾಡುತ್ತೇನೆಂದಳು. ಅವನು ಒಪ್ಪಿದ. ತೋಟದಲ್ಲೇ ಚಿತ್ರೀಕರಣ ಶುರುವಾದಾಗ ಮೈಕ್ ಹಿಡಿಯುವುದನ್ನೂ ಕಲಿತ.

"ಮೇಡಂ, ಹೆಡ್‌ಫೋನಿನಾಗ ನಿಮ್ಮ ಎದಿ ಬಡಿತ ಕೇಳಾಕತ್ತದ."

"ಅದು ಬಾವಿ ಮೋಟರ್ ಸಪ್ಪಳ," ಎಂದು ಅವಳು ಕ್ಯಾಮೆರಾದ ಹಿಂದೆ ಮುಖ ಮರೆಸುತ್ತಿದ್ದಳು. ಕಿವಿ ಮಾತ್ರ ಕೆಂಪಾಗಿರುತ್ತಿತ್ತು.

ಚಿತ್ರೀಕರಣದ ಕೊನೆಯ ದಿನದ ಮಧ್ಯಾಹ್ನ, ಶೇವಂತಾಳ ಗಂಡ ಅಂಬಣ್ಣ, ಕೊಲೆ ಕೇಸಿನಲ್ಲಿ ಜಾಮೀನಿನ ಮೇಲೆ ಹೊರಗಿದ್ದವನು, ತನ್ನ ತಮ್ಮನೊಂದಿಗೆ ತೋಟಕ್ಕೆ ನುಗ್ಗಿದ. ಅಂಬಣ್ಣನ ಕೈಯಲ್ಲಿ ಕುಡಗೋಲಿತ್ತು.

"ನನ್ನ ಮ್ಯಾಲ ಪಿಕ್ಚರ್ ತೆಗೀತಿಯೇನಲೇ!"

ಮೊದಲ ಏಟು ಪ್ರೇಮಕುಮಾರನ ಭುಜವನ್ನು ಸೀಳಿತು. ರಕ್ತ ಬಾಳೆ ಎಲೆಗೆ ಚಿಮ್ಮಿತು. ತಮ್ಮ ಅವನನ್ನು ಕೆಡವಿ ಪಕ್ಕೆಗೆ ಒದೆಯತೊಡಗಿದ.

ಕ್ಯಾಮೆರಾ ಓಡುತ್ತಲೇ ಇತ್ತು. ಸುಜಾತಾ ಒಂದು ಕ್ಷಣ ನಿಂತಲ್ಲೇ ನಿಂತಳು. ಆ ಒಂದು ಕ್ಷಣಕ್ಕಾಗಿ ಅವಳು ಮುಂದೆಂದೂ ತನ್ನನ್ನು ಕ್ಷಮಿಸಿಕೊಳ್ಳಲಿಲ್ಲ. ಆಮೇಲೆ ಕ್ಯಾಮೆರಾ ಸಮೇತ ಟ್ರೈಪಾಡ್ ಎತ್ತಿಕೊಂಡು ಓಡಿದಳು, ಬೀಸಿದಳು. ಅಂಬಣ್ಣನ ಮುಂಗೈ ಲಟಕ್ಕೆಂದು ಮುರಿಯಿತು. ಕುಡಗೋಲು ಬಿತ್ತು. ಮತ್ತೆ ಬೀಸಿದಳು, ಲೆನ್ಸ್ ಚೂರಾಯಿತು. ತಮ್ಮ ಅವಳ ಜುಟ್ಟು ಹಿಡಿದು ಬಾಯಿಗೆ ಗುದ್ದಿದ. ತುಟಿ ಹರಿಯಿತು. ಅವಳು ಟ್ರೈಪಾಡ್ ಬಿಡಲಿಲ್ಲ, ಚೀರುವುದನ್ನೂ ನಿಲ್ಲಿಸಲಿಲ್ಲ. ಪಕ್ಕದ ಹೊಲದವರು ಓಡಿಬಂದು ಇಬ್ಬರನ್ನೂ ಹಿಡಿದು ಕಟ್ಟಿದರು.

ಕಲಬುರಗಿಯ ಆಸ್ಪತ್ರೆಯಲ್ಲಿ ಪ್ರೇಮಕುಮಾರನ ಭುಜಕ್ಕೆ ಇಪ್ಪತ್ತೆರಡು ಹೊಲಿಗೆ ಬಿದ್ದವು. ಮರುದಿನ ಅವನು ಮಾತಾಡುವ ಹಾಗಾದ.

"ಕ್ಯಾಮೆರಾ?"

"ಹೋಯ್ತು. ಮೆಮೊರಿ ಕಾರ್ಡ್ ಉಳದದ, ಪೊಲೀಸರಿಗಿ ಕೊಟ್ಟೀನಿ. ಇಬ್ರೂ ಒಳಗ ಅದಾರ."

"ಪಿಕ್ಚರ್ ಕೊನೀಗಿ ಬಂದು ನಿಂತದಲ್ರೀ."

"ನಿಂತ್ರ ನಿಲ್ಲಲಿ ಬಿಡ್ರಿ." ಅವಳು ಮಂಚಕ್ಕೆ ಇನ್ನಷ್ಟು ಹತ್ತಿರ ಸರಿದಳು. "ಇನ್ನೊಂದು ಪಿಕ್ಚರ್ ಮಾಡ್ಬಹುದು. ನೀವು ಇಲ್ಲಂದ್ರ ನಂಗ ಇರಾಕ ಆಗಂಗಿಲ್ಲ."

ಅವನು ಪಟ್ಟಿಯಿಲ್ಲದ ಕೈಯನ್ನು ನಿಧಾನವಾಗಿ ಎತ್ತಿ, ಅವಳ ಊದಿದ ತುಟಿಯ ಪಕ್ಕ ಬೆರಳಿಟ್ಟ.

"ಭಾಳ ನೋಯ್ತದ?"

"ಹೂಂ."

"ನಮ್ಮ ಮದುವಿ ಫೋಟೋ ತೆಗಿಯೂದ್ರಾಗ ಮಾಯ್ತದಿಲ್ಲೋ?"

ಅವಳು ನಕ್ಕುಬಿಟ್ಟಳು. ತುಟಿ ಮತ್ತೆ ಬಿರಿದು ರಕ್ತ ಒಸರಿತು. ಒರೆಸಿಕೊಳ್ಳದೆ ಅವನ ಅಂಗೈಗೆ ಕೆನ್ನೆಯೊತ್ತಿ, ಇನ್ನಷ್ಟು ನಕ್ಕಳು.